ಹುಲ್ಲು ತುಂಬಿದ ಮರಿ

ಕಡಲಿಗೆ ಇಳಿಯುವ ದಿನ ಧರ್ಮೇಂದ್ರ ಅವ್ವನ ಕೈಗೆ ಒಂದು ಹಗ್ಗ ಕೊಟ್ಟ. ಹಗ್ಗದ ಇನ್ನೊಂದು ತುದಿಯಲ್ಲಿ ಅವರ ಹಡಗು ಮುದ್ದಿಯ ಮರಿ ನಿಂತಿತ್ತು. ಮುದ್ದಿ ಈದು ತಿಂಗಳೂ ತುಂಬಿರಲಿಲ್ಲ, ಮರಿ ಆಗಲೇ ಎಮ್ಮೆಯ ಗಾತ್ರ ಆಗಿತ್ತು. ಒದ್ದೆ ಒದ್ದೆ ಚರ್ಮ, ಬೆನ್ನ ಮೇಲೆ ಹಿಂಡಿ ಹಾಕಿದ ಪಂಚೆಯಂತೆ ಮುದುರಿಕೊಂಡ ಎರಡು ಎಳೆಯ ಹಾಯಿ. ಗದ್ದೆಯಂಚಿನಲ್ಲಿ ನಿಂತಿದ್ದ ತಾಯಿಯ ಕಡೆಗೆ ಅದು ಕತ್ತು ಎಳೆಯುತ್ತಲೇ ಇತ್ತು.

"ನೋಡವ್ವ, ನಾನು ವಾಪಸ್ ಬರಕ್ಕಿರೋ ದಾರಿ ಇದೊಂದೇಯ," ಅಂದ ಧರ್ಮೇಂದ್ರ. "ಇದ್ಕೆ ಬೂಸಾ ಕಡಿಮೆ ಮಾಡ್ಬ್ಯಾಡ. ಓದ್ಸಲದಂಗೆ ಮಾಡ್ಬ್ಯಾಡ."

"ನಿಮ್ಮಪ್ಪ ಇದ್ದಾಗಿಂದ ಹಯನ ಕಟ್ಕಂಡು ಬಂದಿವ್ನಿ. ನಂಗೇ ಏಳ್ಕೊಡಕ್ಕೆ ಬಂದ್ಯಾ?" ಅಂದಳು ಚಲುವಮ್ಮ. "ಸುಮ್ಕೆ ಓಗಿ ಬಾರ್ಲಾ."

ಧರ್ಮೇಂದ್ರ ಹೆಂಡತಿ ಮೇಘನಳ ಕಡೆ ಒಮ್ಮೆ ನೋಡಿದ. ಅವಳು ಮರಿಯ ಬೆನ್ನು ಸವರುತ್ತಾ ನಿಂತಿದ್ದಳು. ಅವನು ಮುದ್ದಿಯ ಪಕ್ಕೆಯ ಬಾಗಿಲಿನಿಂದ ಒಳಗೆ ಹೋದ, ಬಾಗಿಲು ತುಟಿಯಂತೆ ಮುಚ್ಚಿಕೊಂಡಿತು, ಮುದ್ದಿ ಹಾಯಿ ಬಿಚ್ಚಿ ಹೊರಟಿತು.

ಕ್ಯಾತನಹಳ್ಳಿಯ ಕಬ್ಬಿನ ಗದ್ದೆಗಳ ಆಚೆ ಕಡಲಿದೆ ಎಂದರೆ ಪೇಟೆಯವರು ನಗುತ್ತಾರೆ. ನಗಲಿ, ಅವರ ಹಲ್ಲು, ಅವರ ನಗು. ಕಬ್ಬು ಸೂಲಂಗಿ ಎಂಬ ಬಿಳಿ ಹೂ ಬಿಡುವ ಕಾಲಕ್ಕೆ ಬಂದು ಬದುವಿನ ಮೇಲೆ ನಿಂತವರು ಯಾರೂ ನಕ್ಕಿಲ್ಲ. ಸೂಲಂಗಿ ಗಾಳಿಗೆ ಬಾಗುತ್ತಾ ಬಾಗುತ್ತಾ ಗದ್ದೆ ಎಲ್ಲಿ ಮುಗಿಯಿತು, ಅಲೆ ಎಲ್ಲಿ ಶುರುವಾಯಿತು ಎನ್ನುವುದೇ ತಿಳಿಯುವುದಿಲ್ಲ. ಅದು ಹೂಗಡಲು. ಮಂಡಿಯವರೆಗೆ ಇಳಿದರೂ ಕಾಲು ನೆನೆಯುವುದಿಲ್ಲ. ಅದನ್ನು ದಾಟಿದರೆ ದನಿಗಡಲು, ಅಲ್ಲಿಯ ಅಲೆಗಳೆಲ್ಲ ಯಾರೋ ಎಂದೋ ಆಡಿದ ಮಾತುಗಳು. ಅದರ ಆಚೆಯದು ನಿದ್ದೆಗಡಲು. ಅದರ ತಳದ ಉಪ್ಪನ್ನು ಒಂದು ಚಿಟಿಕೆ ನಾಲಿಗೆಗೆ ಇಟ್ಟರೆ ಎಂಥ ಚಿಂತೆ ಹೊತ್ತವನೂ ಹಸುಗೂಸಿನಂತೆ ಮಲಗುತ್ತಾನೆ. ಮೈಸೂರು, ಬೆಂಗಳೂರುಗಳ ದೊಡ್ಡ ಮನೆಗಳಲ್ಲಿ ಹೊರಳಾಡುವ ದೊಡ್ಡವರಿಗೆ ಈ ಉಪ್ಪು ಬೇಕು. ತಂದುಕೊಡುವವರು ನಮ್ಮ ಕಡೆಯವರು.

ಆ ನೀರಿನಲ್ಲಿ ಮರದ ದೋಣಿ ನಡೆಯುವುದಿಲ್ಲ. ಇಳಿದ ಕೂಡಲೇ ತಾನು ದೋಣಿ ಎಂಬುದನ್ನು ಮರೆತು, ನಿಂತಲ್ಲೇ ಬೇರು ಬಿಟ್ಟು ಮರವಾಗುತ್ತದೆ. ಕಬ್ಬಿಣದ್ದು ಕೆಂಪು ಮಣ್ಣಾಗಿ ಕರಗುತ್ತದೆ. ಅಲ್ಲಿ ಎಲ್ಲವೂ ತಮ್ಮನ್ನು ತಾವು ಮರೆಯುತ್ತವೆ, ಹೆತ್ತವಳು ಹೆತ್ತದ್ದನ್ನು ಮಾತ್ರ ಮರೆಯುವುದಿಲ್ಲ. ಅದಕ್ಕೇ ಹಯನದ ಹಡಗು. ಮರಿ ಹಾಕಿದ ಹಡಗನ್ನು ಕಡಲಿಗೆ ಬಿಟ್ಟು ಮರಿಯನ್ನು ದಡದಲ್ಲಿ ಕಟ್ಟುತ್ತಾರೆ. ಎಷ್ಟು ದೂರ ಹೋಗಲಿ, ಮರಿಯ ನೆನಪು ಅದನ್ನು ಎಳೆದು ತರುತ್ತದೆ. ಬಂದು ಮರಿಯನ್ನು ನೆಕ್ಕಿದಾಗ ಮೈ ಸಡಿಲವಾಗಿ ಬಾಗಿಲು ತೆರೆಯುತ್ತದೆ, ಹಸು ಕರುವನ್ನು ಕಂಡು ಹಾಲು ಇಳಿಬಿಟ್ಟಂತೆ. ಒಳಗಿದ್ದವನು ಆಗ ಉಪ್ಪಿನ ಮೂಟೆ ಹೊತ್ತು ಹೊರಗೆ ಬರಬೇಕು, ಬೇರೆ ದಾರಿ ಇಲ್ಲ. ಒಂದು ಹಡಗಿಗೆ ಒಬ್ಬನೇ ಆಳು. ಇಬ್ಬರು ಹೋದರೆ ನಿದ್ದೆಗಡಲಿನಲ್ಲಿ ಒಬ್ಬನ ಕನಸಿಗೆ ಇನ್ನೊಬ್ಬ ನುಗ್ಗಿ, ಊರಿಗೆ ಬಂದಮೇಲೆ ಯಾರ ಮನೆ ಯಾವುದು ಎಂಬ ಪಂಚಾಯಿತಿ ಶುರುವಾಗುತ್ತದೆ.

ಮುದ್ದಿ ಕಿಕ್ಕೇರಿ ಕಡೆಯ ತಳಿ. ಆ ಕಡೆಯ ಹಡಗುಗಳು ಒಂದು ಕೊಟ್ಟಿಗೆಯಷ್ಟೇ ದೊಡ್ಡವು, ಆದರೆ ಸೈರಣೆಯವು. ಹಾಯಿ ಹರಿದರೆ ಯಾರನ್ನೂ ಕೇಳುವುದಿಲ್ಲ, ಒಳಗಿನಿಂದ ಸಣ್ಣ ಬಿಳಲುಗಳನ್ನು ಚಾಚಿ ತಾವೇ ಹೊಲಿದುಕೊಳ್ಳುತ್ತವೆ. ನಾಗಮಂಗಲದ ಕಡೆಯವು ಉದ್ದುದ್ದ, ಮೇವು ಕಡಿಮೆ, ಸಿಟ್ಟು ಜಾಸ್ತಿ. ಮೇಘನ ನಾಗಮಂಗಲದವಳು. ಹಾಗಾಗಿ ತಳಿಯ ಮಾತು ಬಂದಾಗಲೆಲ್ಲ ಚಲುವಮ್ಮ ಸೊಸೆಯ ಮುಖ ನೋಡಿಕೊಂಡೇ ಮಾತಾಡುತ್ತಿದ್ದಳು.

ಈಗ ಮರಿಯ ವಿಷಯ. ಮರಿ ಗಂಡು. ಗಂಡು ಹಡಗು ಈಯುವುದಿಲ್ಲ, ಈಯದ ಹಡಗು ಕಡಲಿಗೆ ಹೋದರೆ ಬರುವುದಿಲ್ಲ. ಅಂಥದ್ದಕ್ಕೆ ಬೂಸಾ ಹಾಕುವುದು ಚಲುವಮ್ಮನ ಲೆಕ್ಕದಲ್ಲಿ ದಂಡ. ಅವಳ ಕೊಟ್ಟಿಗೆಯಲ್ಲಿ ಸೀಮೆಹಸು ಗಂಡು ಕರು ಹಾಕಿದರೆ ಅದು ಹೆಚ್ಚು ದಿನ ಬದುಕಿದ್ದಿಲ್ಲ. ಯಾರೂ ಕೊಲ್ಲುವುದಿಲ್ಲ, ಹಾಲು ಬಿಡುವುದಿಲ್ಲ ಅಷ್ಟೆ. ಸತ್ತಮೇಲೆ ಗೋವಿಂದನಹಳ್ಳಿಯ ಸುಬ್ರಹ್ಮಣ್ಯಾಚಾರಿ ಬಂದು ಚರ್ಮ ಸುಲಿದು, ಹುಲ್ಲು ತುಂಬಿ ಹೊಲಿದು, ನಾಲ್ಕು ಕಡ್ಡಿಕಾಲಿನ ಮೇಲೆ ನಿಲ್ಲಿಸಿ ಹೋಗುತ್ತಿದ್ದ. ಹಾಲು ಕರೆಯುವ ಹೊತ್ತಿಗೆ ಅದನ್ನು ಹಸುವಿನ ಮುಂದೆ ಇಟ್ಟರೆ ಹಸು ನೆಕ್ಕುತ್ತಿತ್ತು, ಹಾಲು ಇಳಿಯುತ್ತಿತ್ತು, ಕ್ಯಾನು ತುಂಬುತ್ತಿತ್ತು. ಊರಿನಲ್ಲಿ ಅರ್ಧ ಮನೆಗಳಲ್ಲಿ ಇದೇ ಪದ್ಧತಿ. ಬಾಗಿಲು ಕಿಟಕಿ ಮಾಡುವ ಬಡಗಿ ಸುಬ್ರಹ್ಮಣ್ಯನಿಗೆ ಇದು ಉಪಕಸುಬು.

ಮುದ್ದಿಯ ಹೋದ ಸೂಲಿನ ಮರಿಯೂ ಗಂಡಾಗಿತ್ತು. ಅದಕ್ಕೂ ಹುಲ್ಲು ತುಂಬಿಸಿದ್ದಳು ಚಲುವಮ್ಮ. ಆಗ ಮುದ್ದಿ ಇನ್ನೂ ಹೊರಟಿರಲಿಲ್ಲ. ಅಂಗಳದಲ್ಲೇ ಕಟ್ಟಿಹಾಕಿದ್ದರು, ಅದರ ಕಣ್ಣ ಮುಂದೆಯೇ ಆಚಾರಿ ಕೂತು ಹೊಲಿದ. ಹೊಲಿಯುವಷ್ಟು ಹೊತ್ತೂ ಮುದ್ದಿ ಕಣ್ಣು ಮಿಟುಕಿಸದೆ ನೋಡುತ್ತಿತ್ತು. "ನೋಡ್ಲಿ ಬುಡಿ, ಅದ್ಕೇನ್ ತಿಳೀತದೆ," ಅಂದಿದ್ದಳು ಚಲುವಮ್ಮ. ಧರ್ಮೇಂದ್ರನನ್ನು ಹೊತ್ತು ಹೋದ ಮುದ್ದಿ ವಾಪಸ್ಸು ಬಂದು ಆ ಹುಲ್ಲುಮರಿಯನ್ನೇ ನೆಕ್ಕಿ ಬಾಗಿಲು ತೆರೆಯಿತು. ಹೊರಗೆ ಬಂದ ಧರ್ಮೇಂದ್ರ ಮೂಟೆ ಇಳಿಸಿ, "ಬಾಗ್ಲು ತೆಗಿಯೋವಾಗ ಒಳಗೆಲ್ಲ ಗಡಗಡ ನಡುಗ್ತಿತ್ತು ಕಣವ್ವ. ಇನ್ನೊಂದ್ಸಲ ಇಂಗ್ ಮಾಡ್ಬಾರ್ದು," ಅಂದಿದ್ದ. ಚಲುವಮ್ಮನಿಗೆ ಕಂಡದ್ದು ಬಾಗಿಲು ತೆರೆದದ್ದು ಮಾತ್ರ.

ಧರ್ಮೇಂದ್ರ ಹೋದ ಮೊದಮೊದಲು ಅವಳು ಮರಿಗೆ ಹೊಟ್ಟೆ ತುಂಬಾ ಹಾಕಿದಳು. ಮಗನ ಮಾತಲ್ಲವೇ. ಆದರೆ ಮರಿ ತಿನ್ನುವುದನ್ನು ನೋಡುವಾಗಲೆಲ್ಲ ಅವಳ ಹೊಟ್ಟೆ ಉರಿಯುತ್ತಿತ್ತು. ಮೂರು ಸೀಮೆಹಸು ತಿನ್ನುವ ಬೂಸಾ, ಹಿಂಡಿ ಇದೊಂದೇ ನುಂಗಿ ಮತ್ತೆ ಬಾಯಿ ತೆರೆಯುತ್ತಿತ್ತು. ಅಷ್ಟು ತಿಂದು ಮಾಡುವ ಕೆಲಸ ಏನು? ತಾಯಿ ಹೋದ ದಿಕ್ಕಿಗೆ ತಿರುಗಿ ಕೂಗುವುದು. ಒಂದು ದಿನ ಬೂಸಾ ಅರ್ಧ ಮಾಡಿದಳು. ಆಮೇಲೆ ಅದರಲ್ಲೂ ಅರ್ಧ ಮಾಡಿದಳು. ಮುದ್ದಿ ಬಂದಾಗ ನೆಕ್ಕಲು ಚರ್ಮ ಇದ್ದರೆ ಆಯಿತಲ್ಲ, ಹೋದಸಲ ಆಗಲಿಲ್ಲವೇ ಎಂದು ತನಗೆ ತಾನೇ ಹೇಳಿಕೊಂಡಳು.

ಮರಿ ಬಡವಾಗುವ ಬದಲು ಹಾಗೇ ಇದ್ದದ್ದು ಅವಳಿಗೆ ಅನುಮಾನ ತಂದಿತು. ಒಂದು ಬೆಳಿಗ್ಗೆ ಡೇರಿಗೆ ಹಾಲು ಹಾಕಲು ಹೋದವಳು ಅರ್ಧ ದಾರಿಗೇ ತಿರುಗಿ ಬಂದು ನೋಡಿದರೆ, ಮೇಘನ ಬೇಸನ್ನಿನಲ್ಲಿ ಬೂಸಾಕ್ಕೆ ಬೆಲ್ಲ ಕಿವುಚಿ ಉಂಡೆ ಮಾಡಿ ಮರಿಯ ಬಾಯಿಗೆ ಇಡುತ್ತಿದ್ದಳು. ಮರಿ ಅವಳ ಬಳೆಗಳನ್ನೂ ಸೇರಿಸಿ ನೆಕ್ಕುತ್ತಿತ್ತು.

"ಬೆಲ್ಲ ನಿಮ್ಮಪ್ಪನ ಮನೆಯಿಂದ ಬಂದದಾ?" ಅಂದಳು ಚಲುವಮ್ಮ.

ಮೇಘನ ಎದ್ದು ನಿಂತಳು. "ಅದು ಬದುಕ್ಬೇಕು ಅತ್ತೆ. ಅವ್ರು ಏಳೋಗವ್ರೆ."

"ನನ್ ಮಗ ನಂಗೂ ಏಳೋಗವ್ನೆ. ಯಾವುದ್ಕೆ ಎಷ್ಟ್ ಆಕ್ಬೇಕು ಅಂತ ನಂಗೆ ಗೊತ್ತು. ನಿಮ್ಮ ಕಡೆ ಕೆರೆ ಒಣಗಿ ಓಣಿ ಆಗವೆ, ನೀನು ಹಯನದ ವಿಚಾರ ಮಾತಾಡ್ತೀಯಾ?"

ಅವತ್ತೇ ಬೆಲ್ಲದ ಡಬ್ಬಿ ಬೀರುವಿನೊಳಕ್ಕೆ ಹೋಯಿತು. ಮರಿಯನ್ನು ಹಿಡಿದು ಎಳೆದುಕೊಂಡು ಹೋಗಿ ಗದ್ದೆಯ ಪಕ್ಕದ ಹಳೆಯ ಆಲೆಮನೆಯಲ್ಲಿ ಕಟ್ಟಿ, ಬಾಗಿಲಿಗೆ ಬೀಗ ಜಡಿದು, ಕೀಲಿಯನ್ನು ಸೊಂಟಕ್ಕೆ ಸಿಕ್ಕಿಸಿಕೊಂಡಳು ಚಲುವಮ್ಮ. ಸೊಸೆಯನ್ನು ಗೆದ್ದ ಖುಷಿಗೆ ಆ ದಿನ ಅವಳಿಗೆ ಊಟ ರುಚಿಸಿತು.

ಆಲೆಮನೆಯಲ್ಲಿ ಬೆಲ್ಲ ಕಾಯಿಸುವುದು ನಿಂತು ವರ್ಷಗಳಾಗಿದ್ದರೂ ನೆಲದ ಮಣ್ಣಿನಲ್ಲಿ ಸಿಹಿ ಇಂಗಿತ್ತು. ಮರಿ ಅದನ್ನು ಕಂಡುಹಿಡಿಯಿತು. ದಿನವೆಲ್ಲ ನೆಲ ನೆಕ್ಕುತ್ತಿತ್ತು, ನೆಕ್ಕಿದಲ್ಲೆಲ್ಲ ಮಣ್ಣು ಗುಂಡಿ ಬಿದ್ದು ನುಣುಪಾಗಿತ್ತು. ಮೇಘನ ಕಿಟಕಿಯ ಸರಳಿನ ಸಂದಿಯಿಂದ ಕಬ್ಬಿನ ಸೋಗೆ ತೂರಿಸಲು ನೋಡಿದಳು, ಹಗ್ಗ ಮೋಟಾಗಿದ್ದರಿಂದ ಮರಿಗೆ ಅದು ಸಿಗಲಿಲ್ಲ. ಅಂಗೈ ಅಗಲದ ದೂರದಲ್ಲಿ ಬಿದ್ದಿದ್ದ ಸೋಗೆಯ ಕಡೆ ಅದು ನಾಲಿಗೆ ಚಾಚುವುದನ್ನು ನೋಡಲಾರದೆ ಅವಳು ಆ ಕಡೆ ಹೋಗುವುದನ್ನೇ ಬಿಟ್ಟಳು. ಮೇಘನ ಕೆಟ್ಟವಳಲ್ಲ, ಆದರೆ ಬೀಗ ಒಡೆಯುವ ಧೈರ್ಯ ಅವಳಿಗೆ ಇರಲಿಲ್ಲ.

ಕೂಗು ನಿಂತ ಬೆಳಿಗ್ಗೆ ಚಲುವಮ್ಮ ಬೀಗ ತೆಗೆದು ಒಳಗೆ ಹೋದಳು. ಮರಿ ಸತ್ತಿತ್ತು. ನಾಲಿಗೆ ನೆಲಕ್ಕೆ ಅಂಟಿಕೊಂಡಿತ್ತು, ಎಳೆದು ಬಿಡಿಸಬೇಕಾಯಿತು. ಅವಳಿಗೆ ಹಗುರವೆನ್ನಿಸಿತು. ಸುಳ್ಳು ಯಾಕೆ ಹೇಳಬೇಕು, ಒಂದು ಖರ್ಚು ಕಳೆಯಿತು ಅನ್ನಿಸಿತು. ಹೊರಗೆ ಬಂದವಳೇ ಆಚಾರಿಗೆ ಫೋನು ಮಾಡಿದಳು.

ಸುಬ್ರಹ್ಮಣ್ಯಾಚಾರಿ ಮೊಪೆಡ್ಡಿನಲ್ಲಿ ದಬ್ಬಳ, ಸೆಣಬಿನ ದಾರದ ಉಂಡೆ ತಂದ. ಅವನ ಹೊಲಿಗೆಯ ಹೆಸರು ಸುತ್ತಿನ ನಾಲ್ಕೂ ತಾಲ್ಲೂಕಿನಲ್ಲಿ ಇತ್ತು. ಎರಡು ಹೆಜ್ಜೆ ಮುಂದೆ, ಒಂದು ಹೆಜ್ಜೆ ಹಿಂದೆ, ಆಮೇಲೆ ಒಂದು ಗಂಟು. ಅಪ್ಪ ಕಲಿಸಿದ್ದು, ಇನ್ನು ಯಾರಿಗೂ ಬರುವುದಿಲ್ಲ ಎಂದು ಹೇಳಿಕೊಳ್ಳುತ್ತಿದ್ದ. ಆಲೆಮನೆಯ ಮುಂದೆ ಕೂತು ಮರಿಯ ಹೊಟ್ಟೆಗೆ ರಾಗಿಹುಲ್ಲು ತುರುಕಿದ. ಬದುಕಿದ್ದಾಗ ಒಳಕ್ಕೆ ಅಂಟಿದ್ದ ಪಕ್ಕೆಗಳು ಉಬ್ಬಿ ಬಂದವು. ಸತ್ತಮೇಲೆ ಮರಿಯ ಹೊಟ್ಟೆ ತುಂಬಿತು.

"ಗಂಟು ಬಿಗಿಯಾಗಿ ಆಕಿ ಆಚಾರ್ರೆ. ಮುದ್ದಿ ನಾಲ್ಗೆ ಒರಟು," ಅಂದಳು ಚಲುವಮ್ಮ.

"ನನ್ ಗಂಟು ಬಿಚ್ಚಿದ ಯಾವ ತಾಯಿನೂ ನಾನ್ ಕಂಡಿಲ್ಲ ಚಲುವಕ್ಕ," ಅಂದ ಆಚಾರಿ.

ಮೇಘನ ಸ್ವಲ್ಪ ದೂರದಲ್ಲಿ ನಿಂತಿದ್ದಳು. "ತಾಯಿಗೆ ಗೊತ್ತಾಗಕಿಲ್ವಾ ಅತ್ತೆ?" ಎಂದು ಕೇಳಿದಳು. ಜಗಳ ಮಾಡುವ ದನಿಯಲ್ಲ, ನಿಜವಾಗಿ ತಿಳಿದುಕೊಳ್ಳುವ ದನಿ.

ಚಲುವಮ್ಮ ಯೋಚಿಸಲಿಲ್ಲ. "ಗೊತ್ತಾಗ್ದೆ ಏನು? ಮೊದಲ್ನೇ ದಿನವೇ ಗೊತ್ತಾಯ್ತದೆ. ಗೊತ್ತಾದ್ರೂ ನೆಕ್ತದೆ ಕಣಮ್ಮಿ. ಎತ್ತವಳಿಗೆ ಬುಡಕ್ಕಾಗಕಿಲ್ಲ. ಅದ್ಕೇ ನಮ್ ಕೆಲ್ಸ ಆಗೋದು."

ಆಚಾರಿ ನಕ್ಕು ದಾರ ಕಚ್ಚಿ ಕತ್ತರಿಸಿದ. ಮರಿಯ ಮೈಗೆ ಉಪ್ಪುನೀರು ಬಳಿದು, ಮೇಲೆ ಬೂಸಾ ಉಜ್ಜಿ ಒಣಗಲು ಬಿಟ್ಟರು. ಉಪ್ಪಿನ ರುಚಿ ಇದ್ದರೆ ತಾಯಿ ಹೆಚ್ಚು ಹೊತ್ತು ನೆಕ್ಕುತ್ತದೆ.

ಮುದ್ದಿ ಬಂದದ್ದು ಒಂದು ಮಧ್ಯಾಹ್ನ. ಪಕ್ಕದ ಗದ್ದೆಗೆ ನೀರು ಕಟ್ಟುತ್ತಿದ್ದ ಪುಟ್ಟರಾಜು ಬದುವಿನ ಮೇಲಿಂದಲೇ ಕೂಗಿದ: "ಚಲುವಕ್ಕ, ನಿಮ್ ಮುದ್ದಿ ಬತ್ತಾವ್ಳೆ." ಊರಿನವರು ಬಂದು ನೆರೆದರು. ಹಡಗು ಬಾಗಿಲು ತೆರೆಯುವುದನ್ನು ನೋಡುವುದು ಎಲ್ಲರಿಗೂ ಇಷ್ಟ. ಚಲುವಮ್ಮ ಹುಲ್ಲುಮರಿಯನ್ನು ದಡಕ್ಕೆ ತಂದು ನಿಲ್ಲಿಸಿ, ಅದರ ಹಿಂದೆ ಕುಕ್ಕರಗಾಲಲ್ಲಿ ಕೂತು, ಕತ್ತಿನ ಕೆಳಗೆ ಕೈ ತೂರಿಸಿ ತಲೆಯಾಡಿಸಿದಳು. ಮೂಗಿನಿಂದ ಮರಿಯಂತೆ ಸಣ್ಣಗೆ ಕೂಗಿದಳು. ಹಸುಗಳ ಮುಂದೆ ಮಾಡಿ ಮಾಡಿ ಅವಳಿಗೆ ಇದು ಕರತಲಾಮಲಕ.

ಮುದ್ದಿ ಒಂದೇ ಉಸಿರಿಗೆ ಬಂತು. ದೊಡ್ಡ ಹಂಡೆಯೊಳಗೆ ಬಾಯಿಟ್ಟು ಕರೆದಂತೆ ಕರೆಯಿತು. ನಾಲಿಗೆ ಚಾಚಿ ಮರಿಯ ನೆತ್ತಿಯಿಂದ ಬಾಲದವರೆಗೆ ಒಮ್ಮೆ ನೆಕ್ಕಿತು. ಎರಡನೇ ಸಲ ಹೊಟ್ಟೆಯ ಹೊಲಿಗೆಯ ಮೇಲೆ ನಿಧಾನವಾಗಿ ನೆಕ್ಕುತ್ತಾ ಬಂದು ಒಂದೊಂದು ಗಂಟಿನ ಮೇಲೂ ನಿಂತಿತು. ಆಮೇಲೆ ನಾಲಿಗೆ ಒಳಕ್ಕೆ ಹೋಯಿತು. ಬಾಗಿಲು ತೆರೆಯಲಿಲ್ಲ.

"ಅವ್ವ," ಎಂದು ಒಳಗಿನಿಂದ ಧರ್ಮೇಂದ್ರನ ದನಿ ಬಂತು. ಚರ್ಮದ ಆಚೆಯಿಂದ ಬಂದರೂ ಸ್ಪಷ್ಟವಾಗಿತ್ತು. "ಮರಿ ಎಲ್ಲವ್ವ?"

"ಇಲ್ಲೇ ಐತೆ ಕಣ್ಮಗ."

"ಸರ್ಯಾಗಿ ಕೂಗ್ತಿಲ್ವಲ್ಲ?"

"ಉಸಾರಿಲ್ಲ ಕಣ, ಸುಸ್ತಾಗದೆ."

"ಅವ್ವ, ಇಲ್ಲಿ ಸುತ್ತಾ ನಡುಗ್ತಾ ಐತೆ. ಸತ್ತಿದ್ರೆ ಸತ್ತೋಯ್ತು ಅಂತ ಏಳ್ಬುಡು, ನಾನೇನೂ ಅನ್ನಕಿಲ್ಲ. ಒಳಗಿಂದ ಸವರ್ಕಂಡು ಸಮಾಧಾನ ಮಾಡ್ತೀನಿ, ನನ್ ಮಾತು ಕೇಳ್ತಾಳೆ. ಸುಳ್ಳು ಮಾತ್ರ ಏಳ್ಬ್ಯಾಡ."

ಹೇಳಿಬಿಡಬಹುದಿತ್ತು. ನೆರೆದವರಲ್ಲಿ ಯಾರೂ ಅವಳನ್ನು ಹಳಿಯುತ್ತಿರಲಿಲ್ಲ, ಎಲ್ಲರ ಕೊಟ್ಟಿಗೆಯಲ್ಲೂ ಒಂದೊಂದು ಹುಲ್ಲುಕರು ಇತ್ತು. ಚಲುವಮ್ಮನ ಬಾಯಿ ಕಟ್ಟಿದ್ದು ಸೊಸೆ. ಅಲ್ಲೇ, ಎರಡು ಮಾರು ದೂರದಲ್ಲಿ, ಸೆರಗು ಬಾಯಿಗೆ ಒತ್ತಿಕೊಂಡು ನಿಂತಿದ್ದಳು ಮೇಘನ. ಸತ್ತಿತು ಎಂದರೆ ಹೇಗೆ ಸತ್ತಿತು ಎಂದು ಮಗ ಕೇಳುತ್ತಾನೆ. ಬೆಲ್ಲದ ಡಬ್ಬಿಯ ಮಾತು ಬರುತ್ತದೆ. ಊರವರ ಎದುರು, ನಾಗಮಂಗಲದಿಂದ ಬಂದ ಈ ಹುಡುಗಿಯದೇ ಸರಿ, ತನ್ನದು ತಪ್ಪು ಎಂದಾಗುತ್ತದೆ. ಅದೊಂದನ್ನು ನುಂಗಲು ಅವಳಿಂದ ಆಗಲಿಲ್ಲ.

"ಬದುಕೈತೆ ಕಣ್ಲಾ," ಅಂದಳು. "ನಿನ್ನಾಣೆಗೂ ಬದುಕೈತೆ."

ಹೆತ್ತ ಮಗನ ಮೇಲೆ ಆಣೆ ಇಟ್ಟಮೇಲೆ ಯಾವ ಮಗ ತಾನೇ ನಂಬುವುದಿಲ್ಲ. ಒಳಗೆ ಅವನು ನಿಟ್ಟುಸಿರು ಬಿಟ್ಟದ್ದು ದಡದವರಿಗೂ ಕೇಳಿಸಿತು. ಅವನು ಅಂಗೈಯಿಂದ ಮುದ್ದಿಯ ಪಕ್ಕೆ ತಟ್ಟಿದ, ಮಗುವನ್ನು ಒಲಿಸುವವನಂತೆ ಹೇಳಿದ: "ನಿನ್ ಮರಿ ಬದುಕೈತಂತೆ ಕಣವ್ವ, ತೆಗಿ."

ಮುದ್ದಿಯ ನಡುಕ ನಿಂತಿತು.

"ಸುಳ್ಳು ಕಣ್ರೀ," ಎಂದು ಮೇಘನ ಕಿರುಚಿಕೊಂಡಳು. "ಸತ್ತೋಗದೆ. ಇದು ಉಲ್ಲು ಕಣ್ರೀ, ಬರೀ ಉಲ್ಲು." ಆದರೆ ಹಾಯಿಗಳು ಆಗಲೇ ಬಿಚ್ಚಿಕೊಂಡಿದ್ದವು. ಮುದ್ದಿ ಯಾರ ಕಡೆಯೂ ನೋಡದೆ ಹಿಂದಕ್ಕೆ ತಿರುಗಿ, ಬಂದ ದಾರಿಯಲ್ಲೇ ಹೊರಟುಹೋಯಿತು. ಒಳಗಿನಿಂದ ಮತ್ತೆ ಮಾತು ಬರಲಿಲ್ಲ.

ಚಲುವಮ್ಮ ದಡದಲ್ಲಿ ಕೂತಳು. ಮನೆಗೆ ಬಾ ಎಂದವರಿಗೆಲ್ಲ ಬೈದಳು. ಬದುಕಿನಲ್ಲಿ ಮೊದಲ ಸಲ ಅವಳಿಗೆ ಭಯವಾಗಿತ್ತು. ದನಿಗಡಲಿನಿಂದ ಗಾಳಿ ಈ ಕಡೆ ಬೀಸಿದಾಗ ಸೂಲಂಗಿಯ ಮೇಲೆ ಅಲೆ ಬಂದು ಅವಳ ಕಾಲಬುಡದಲ್ಲಿ ಒಡೆಯುತ್ತಿತ್ತು. ಒಡೆದಾಗ ಮಗನ ದನಿ: ಬದುಕೈತಂತೆ ಕಣವ್ವ, ತೆಗಿ. ಇನ್ನೊಂದು ಅಲೆ ಅವಳದೇ ದನಿ ತರುತ್ತಿತ್ತು: ನಿನ್ನಾಣೆಗೂ. ಅವಳು ಕಿವಿ ಮುಚ್ಚಿಕೊಂಡಳು, ಅಳುತ್ತಾ ತಲೆ ಚಚ್ಚಿಕೊಂಡಳು. ನಾನೇ ಕೊಂದೆ, ಆ ಮರೀನ ನಾನೇ ಕೊಂದೆ ಕಣ್ಲಾ ಎಂದು ಕಡಲಿಗೆ ಕೂಗಿ ಹೇಳಿದಳು. ಆ ಮಾತೂ ಅಲೆಯಾಗಿ ಆಚೆಗೆ ಹೋಯಿತು. ಅದು ಹೋಗಿ ತಲುಪಬೇಕಾದವನನ್ನು ತಲುಪಿತೋ ಇಲ್ಲವೋ ಯಾರಿಗೆ ಗೊತ್ತು.

ಸೂಲಂಗಿ ಉದುರುವ ಕಾಲಕ್ಕೆ ಮುದ್ದಿ ಮತ್ತೆ ಬಂತು. ಈ ಸಲ ಕರೆಯಲಿಲ್ಲ, ಮರಿ ಹುಡುಕಲಿಲ್ಲ. ದಡಕ್ಕೆ ಮೈತಾಗಿಸಿ ನಿಂತು ತಾನಾಗಿಯೇ ಬಾಗಿಲು ತೆರೆಯಿತು. ಬಾಗಿಲಲ್ಲಿ ಧರ್ಮೇಂದ್ರ ನಿಂತಿದ್ದ. ಹೋಗುವಾಗ ಹಾಕಿಕೊಂಡಿದ್ದ ನೀಲಿ ಅಂಗಿಯೇ. ಕೆನ್ನೆ ತುಂಬಿಕೊಂಡಿತ್ತು, ಹುಟ್ಟಿದಾಗಿನಿಂದ ಸಣಕಲನಾಗಿದ್ದವನು ಮೈಕೈ ತುಂಬಿಕೊಂಡು ನೆಟ್ಟಗೆ ನಿಂತಿದ್ದ.

"ಮಗ," ಎಂದು ಓಡಿದಳು ಚಲುವಮ್ಮ.

ಅವನ ಬಲಗೈ ಮೇಲಕ್ಕೆ ಎದ್ದು ಎರಡು ಸಲ ಆಡಿತು. ಮೊಣಕೈ ಹಿಂದೆ ಬಿ‍ಳಿಯ ಬಿಳಲೊಂದು ಅದನ್ನು ಎತ್ತುತ್ತಿತ್ತು. ಮುದ್ದಿಯ ಒಳಗಿನಿಂದೆಲ್ಲೋ, ದನಿಗಡಲಿನಿಂದ ಹಿಡಿದು ತಂದ ದನಿ ಹೊರಟಿತು: "ಅವ್ವ."

ಗುಂಪಿನಲ್ಲಿ ಸುಬ್ರಹ್ಮಣ್ಯಾಚಾರಿಯೂ ಇದ್ದ. ಅವನು ಧರ್ಮೇಂದ್ರನ ಮುಖ ನೋಡಲಿಲ್ಲ, ಕಾಲರಿನ ಮೇಲೆ ಕತ್ತನ್ನು ನೋಡಿದ. ಕಿವಿಯ ಕೆಳಗಿನಿಂದ ಅಂಗಿಯೊಳಕ್ಕೆ ಇಳಿದುಹೋಗಿದ್ದ ಹೊಲಿಗೆಯನ್ನು ಅವನ ಬೆರಳು ಗಾಳಿಯಲ್ಲೇ ಹಿಂಬಾಲಿಸಿತು. ಎರಡು ಹೆಜ್ಜೆ ಮುಂದೆ, ಒಂದು ಹೆಜ್ಜೆ ಹಿಂದೆ, ಒಂದು ಗಂಟು. "ನನ್ ಕೈಕೆಲ್ಸ ಅದು," ಎಂದು ಯಾರಿಗೂ ಅಲ್ಲದೆ ಹೇಳಿ, ಬದುವಿನ ಮೇಲೆ ಕೂತು ವಾಂತಿ ಮಾಡಿಕೊಂಡ. ಆಮೇಲೆ ಅವನು ದಬ್ಬಳ ಹಿಡಿದದ್ದನ್ನು ಯಾರೂ ನೋಡಿಲ್ಲ.

ಪುಟ್ಟರಾಜು ಮತ್ತು ಇನ್ನಿಬ್ಬರು ಪೆಟ್ರೋಲು ತಂದರು. "ಸುಟ್ಬುಡಣ ಈ ಮಾರೀನ," ಅಂದ ಪುಟ್ಟರಾಜು. ಚಲುವಮ್ಮ ಕುಡುಗೋಲು ಹಿಡಿದು ಬಾಗಿಲಿಗೆ ಅಡ್ಡ ನಿಂತಳು. "ಒಳಗೆ ನನ್ ಮಗ ಅವ್ನೆ. ಮುಂದಕ್ಕೆ ಬಂದ್ರೆ ಕತ್ತು ಕೂಯ್ದ್ಬುಡ್ತೀನಿ," ಅಂದಳು. ಅವರು ವಾಪಸ್ಸು ಹೋದರು. ಮುದ್ದಿ ಇದೆಲ್ಲವನ್ನೂ ತಣ್ಣಗೆ ನೋಡುತ್ತಿತ್ತು, ಅಂಗಳದಲ್ಲಿ ಕಟ್ಟಿಹಾಕಿದ್ದ ದಿನ ನೋಡಿದಂತೆ. ಆಮೇಲೆ ಬಾಗಿಲು ಮುಚ್ಚಿತು.

ಮಾರನೆಯ ಬೆಳಿಗ್ಗೆ ಚಲುವಮ್ಮ ಹೋಗಿ ಎಷ್ಟು ಬೇಡಿಕೊಂಡರೂ ಬಾಗಿಲು ತೆರೆಯಲಿಲ್ಲ. ಸಂಜೆ ಅದೇನು ತೋಚಿತೋ, ಒಂದು ಬಕೆಟ್ಟು ಬೂಸಾ ಕಲಸಿ ತಂದು ಮುಂದಿಟ್ಟಳು. ಮುದ್ದಿ ಮೂಸಿ ನೋಡಿತು. ಬಾಗಿಲು ಕೈ ತೂರುವಷ್ಟು ತೆರೆಯಿತು, ನೀಲಿ ಅಂಗಿಯ ತೋಳು ಕಂಡಿತು. ಇನ್ನೊಂದು ಬಕೆಟ್ಟು ತಂದಳು. ಮುಖ ಕಂಡಿತು. ಮೂರನೆಯದಕ್ಕೆ ಪೂರ್ತಿ ತೆರೆದುಕೊಂಡು, ಮಗನನ್ನು ಅಂಚಿನವರೆಗೆ ತಂದು ನಿಲ್ಲಿಸಿತು. ಅವಳು ಅವನ ಮುಖವನ್ನು ಎರಡೂ ಕೈಯಲ್ಲಿ ಹಿಡಿದು ಹಣೆಗೆ ಮುತ್ತಿಟ್ಟಳು. ಹಣೆ ಉಪ್ಪುಪ್ಪಾಗಿತ್ತು. ನಿದ್ದೆಗಡಲಿನ ಉಪ್ಪನ್ನು ಮೈಯೆಲ್ಲ ಸವರಿ ಒಣಗಿಸಿತ್ತು ಮುದ್ದಿ. ಚಲುವಮ್ಮನ ತುಟಿಗೆ ತಾಗಿದ್ದು ನಾಲಿಗೆಗೆ ಇಳಿಯಿತು, ಅಲ್ಲೇ ದಡದ ಮೇಲೆ ಹಸುಗೂಸಿನಂತೆ ಮಲಗಿಬಿಟ್ಟಳು. ಎದ್ದಾಗ ಬಾಗಿಲು ಮುಚ್ಚಿತ್ತು, ಬಕೆಟ್ಟುಗಳು ನೆಕ್ಕಿ ತೊಳೆದಂತಿದ್ದವು.

ಅಂದಿನಿಂದ ದಿನವೂ ಅದೇ. ಬೂಸಾ ಹೆಚ್ಚಿದಷ್ಟೂ ಬಾಗಿಲು ಹೆಚ್ಚು ಹೊತ್ತು ತೆರೆದಿರುತ್ತಿತ್ತು. ಸೀಮೆಹಸುಗಳ ಪಾಲಿನದೆಲ್ಲ ಮುದ್ದಿಗೆ ಹೋಯಿತು. ಆಮೇಲೆ ಒಂದೊಂದೇ ಹಸು ಮಾರಿ ಹಿಂಡಿ ತಂದಳು. ಕೊಟ್ಟಿಗೆ ಬರಿದಾಯಿತು, ಅವಳು ಒಣಗಿ ಕಡ್ಡಿಯಾದಳು, ಮುದ್ದಿ ದುಂಡಗಾಯಿತು.

ಮೇಘನ ತೌರಿಗೆ ಹೊರಟ ದಿನ ಬ್ಯಾಗು ಹಿಡಿದು ದಡಕ್ಕೆ ಬಂದಳು. ಗಂಡ ಹಾಗೆ ನಿಂತದ್ದನ್ನು ಅವಳು ಒಮ್ಮೆ ನೋಡಿದ್ದಳು, ಮತ್ತೆ ನೋಡಲಿಲ್ಲ. ಈಗಲೂ ಹಡಗಿನ ಕಡೆ ಬೆನ್ನು ಮಾಡಿ ನಿಂತಳು. ಚಲುವಮ್ಮ ಕುಕ್ಕರಗಾಲಲ್ಲಿ ಕೂತು ಬೂಸಾ ಕಲಸುತ್ತಿದ್ದಳು. ಪಕ್ಕದಲ್ಲಿ ಬೆಲ್ಲದ ಡಬ್ಬಿ ಬಾಯಿ ತೆರೆದುಕೊಂಡಿತ್ತು.

"ನಿಮ್ಗೆ ಗೊತ್ತಾಗಕಿಲ್ವಾ ಅತ್ತೆ?" ಎಂದು ಕೇಳಿದಳು ಮೇಘನ. ಈ ಸಲ ತಿಳಿದುಕೊಳ್ಳಲು ಕೇಳಿದ್ದಲ್ಲ.

ಚಲುವಮ್ಮ ತಲೆ ಎತ್ತಲಿಲ್ಲ. "ಮೊದಲ್ನೇ ದಿನವೇ ಗೊತ್ತು ಕಣಮ್ಮಿ," ಅಂದಳು.

ಮೇಘನ ಬದುವಿನ ಮೇಲೆ ನಡೆದು ಹೋದಳು. ಆಚೆಯ ರಸ್ತೆಯಲ್ಲಿ ಬಸ್ಸು ನಿಂತು ಹೊರಟ ಸದ್ದು ಕೇಳಿಸಿತು. ಚಲುವಮ್ಮ ಕಲಸಿದ್ದನ್ನು ಮುಂದಿಟ್ಟು ಸೆರಗಿನಿಂದ ಕೈ ಒರೆಸಿಕೊಂಡಳು. ಬಾಗಿಲು ತೆರೆಯಿತು, ಕೈ ಎರಡು ಸಲ ಆಡಿತು, "ಅವ್ವ" ಎಂದಿತು. "ಬಂದೆ ಕಣ್ಮಗ, ಬಂದೆ," ಎನ್ನುತ್ತಾ ಅವಳು ಎದ್ದು, ಡಬ್ಬಿಯಲ್ಲಿ ಉಳಿದಿದ್ದ ಕೊನೆಯ ಬೆಲ್ಲದುಂಡೆಯನ್ನೂ ಬಕೆಟ್ಟಿಗೆ ಹಾಕಿದಳು.